ಬೇಸ್ ತೆಳುವಾಗಿದ್ದ ಸ್ಪೀಕರ್: ಫೇಸ್ ಟ್ರ್ಯಾಕ್ ಹಿಡಿದುಕೊಟ್ಟ ದೋಷ

ನನ್ನ ಸ್ಟೀರಿಯೊ ಸ್ಪೀಕರ್‌ಗಳಲ್ಲಿ ಬೇಸ್ (ತಗ್ಗಿನ ಸ್ವರಗಳು) ತೆಳು, ಗಾಯಕಿಯ ದನಿ ನಡುವೆ ನಿಲ್ಲದೆ ಕೋಣೆಯೆಲ್ಲ ಚೆಲ್ಲಿಹೋಗುತ್ತಿತ್ತು. ಸ್ಪೀಕರ್ ಪರೀಕ್ಷಿಸುವ ಟೆಸ್ಟ್ ಸಿಡಿಯ ಪಿಂಕ್ ನಾಯ್ಸ್ (ಜಲಪಾತದಂಥ ಭೋರ್ಗರೆತ) ಹಾಕಿದೆ. 'ಇನ್ ಫೇಸ್' (ಎರಡೂ ಸ್ಪೀಕರ್ ಒಟ್ಟಿಗೆ ಒಳಗೆ-ಹೊರಗೆ ಮಿಡಿಯುವ) ಟ್ರ್ಯಾಕ್‌ನಲ್ಲಿ ಸದ್ದು ಎರಡು ಸ್ಪೀಕರ್‌ಗಳ ನಟ್ಟನಡುವೆ ಕೇಳಬೇಕು. ಇಲ್ಲಿ 'ಔಟ್ ಆಫ್ ಫೇಸ್' (ಒಂದಕ್ಕೊಂದು ವಿರುದ್ಧವಾಗಿ ಮಿಡಿಯುವ) ಟ್ರ್ಯಾಕ್‌ನಲ್ಲಿ ಹಾಗೆ ಕೇಳಿತು. ಅಂದರೆ ಒಂದು ಕಡೆ ಪ್ಲಸ್-ಮೈನಸ್ ತಿರುಗಿದೆ.

ಕೇಬಲ್ ಸರಿಯಿತ್ತು. ಆಂಪ್ಲಿಫೈಯರ್‌ನಿಂದ ಕಳಚಿ, ಸ್ಪೀಕರ್ ಟರ್ಮಿನಲ್‌ಗೆ 1.5 ವೋಲ್ಟ್ ಸೆಲ್ ಕ್ಷಣಮಾತ್ರ ಮುಟ್ಟಿಸಿದೆ. ಪ್ಲಸ್‌ಗೆ ಪ್ಲಸ್ ಸೇರಿದಾಗ ವೂಫರ್ (ಬೇಸ್ ನುಡಿಸುವ ದೊಡ್ಡ ಘಟಕ) ಕೋನ್ ಹೊರಗೆ ಚಿಮ್ಮಬೇಕು. ಎಡಗಡೆಯದು ಒಳಗೆ ಸರಿಯಿತು. ಟರ್ಮಿನಲ್ ಪ್ಲೇಟಿನ ಹಿಂದೆ ವೈರ್ ಅದಲುಬದಲಾಗಿತ್ತು, ಸರಿಪಡಿಸಿದೆ. ಟ್ವೀಟರ್ (ಏರುಸ್ವರದ ಚಿಕ್ಕ ಘಟಕ) ವೈರ್ ಮಾತ್ರ ಮುಟ್ಟಬೇಡಿ: ಕೆಲವು ಕ್ರಾಸ್‌ಓವರ್‌ಗಳಲ್ಲಿ (ಏರು-ತಗ್ಗಿನ ಸ್ವರ ಬೇರ್ಪಡಿಸಿ ಹಂಚುವ ಸರ್ಕ್ಯೂಟ್) ಅದನ್ನು ಬೇಕೆಂದೇ ತಿರುಗಿಸಿರುತ್ತಾರೆ.

ಹೊಸ ಸ್ಪೀಕರನ್ನು ಗಂಟೆಗಟ್ಟಲೆ ನುಡಿಸಿ ಪಳಗಿಸುವಾಗ ಈ ಪ್ಲಸ್-ಮೈನಸ್ ತಿರುವು ಉಪಯೋಗಕ್ಕೆ ಬರುತ್ತದೆ. ಎರಡನ್ನೂ ಎದುರುಬದುರು ಒತ್ತಾಗಿಟ್ಟು, ಒಂದರ ವೈರ್ ತಿರುಗಿಸಿ ಮೊನೊ (ಎರಡರಲ್ಲೂ ಒಂದೇ ಸಂಕೇತದ) ಪಿಂಕ್ ನಾಯ್ಸ್ ಹಾಕಿದರೆ ಬೇಸ್ ಬಹುಪಾಲು ರದ್ದಾಗುತ್ತದೆ, ಮನೆಯವರ ಬೈಗುಳವೂ ಕಡಿಮೆ.