ಮೆಣಸಿನ ಪುಡಿ ಸೇರಬೇಕಾದದ್ದು ಎಣ್ಣೆಗೆ, ನೀರಿಗಲ್ಲ

ಯುಕ್‌ಗೆಜಾಂಗ್ ಎಂಬ ಕೊರಿಯದ ಖಾರದ ಸಾರನ್ನು ನಾನು ಮೊದಲು ಉಂಡದ್ದು ಸಾವಿನ ಸಂದರ್ಭದಲ್ಲಿ. ದಕ್ಷಿಣ ಕೊರಿಯದ ದೇಗುವಿಗೆ ಬಂದು ನಾಲ್ಕು ತಿಂಗಳಾಗಿತ್ತು. ಗಂಡನ ಸಹೋದ್ಯೋಗಿಯೊಬ್ಬರ ತಂದೆ ತೀರಿಕೊಂಡಿದ್ದರು. ಫೋಟೊದ ಮುಂದೆ ನಮಸ್ಕರಿಸಿ ಹೊರಟವರನ್ನು, ಉಣ್ಣದೆ ಹೋಗಬಾರದೆಂದು ಕೂರಿಸಿದರು. ಬಿಳಿ ಅನ್ನ, ಪಕ್ಕದಲ್ಲಿ ದನದ ಮಾಂಸದ ಕೆಂಪು ಸಾರು. ಕೆಂಪು ಬಣ್ಣ ಕೆಟ್ಟದ್ದನ್ನು ದೂರವಿಡುತ್ತದೆ ಎನ್ನುವವರಿದ್ದಾರೆ. ದೊಡ್ಡ ಪಾತ್ರೆಯಲ್ಲಿ ಕುದಿಯುತ್ತಿದ್ದರೆ ಎಷ್ಟು ಹೊತ್ತಿಗೆ ಯಾರು ಬಂದರೂ ಬಿಸಿಯಾಗಿ ಬಡಿಸಬಹುದು ಎಂಬುದೂ ಅಷ್ಟೇ ನಿಜ. ಅಂದಿನ ರುಚಿ ನನ್ನನ್ನು ಬಿಡಲಿಲ್ಲ.

ಮನೆಯಲ್ಲಿ ಮೊದಲ ಸಲ ಮಾಡಿದಾಗ ನಮ್ಮ ಮಂಗಳೂರಿನ ಅಡುಗೆಯ ಅಭ್ಯಾಸದಲ್ಲಿ ಮಾಂಸದ ತುಂಡುಗಳನ್ನು ಬೇಯಿಸಿ, ಕುದಿಯುವ ನೀರಿಗೇ ಮೆಣಸಿನ ಪುಡಿ ಸುರಿದೆ. ಪುಡಿ ಮೇಲೆ ತೇಲಿತು, ಸಾರು ತೆಳ್ಳಗೆ ಉಳಿಯಿತು, ಖಾರ ಗಂಟಲಿಗೆ ಹತ್ತಿತು. ಮೇಲಿನ ಮನೆಯ ಹಲ್ಮೊನಿ, ಅಂದರೆ ಅಜ್ಜಿ, ಒಂದು ಚಮಚ ಕುಡಿದು, "ನಾಳೆ ಮಾಂಸ ತಾ ಸೆದೆಕ್, ಒಟ್ಟಿಗೆ ಮಾಡೋಣ" ಎಂದರು. ಸೆದೆಕ್ ಎಂದರೆ ಹೊಸದಾಗಿ ಮದುವೆಯಾದವಳು.

ಅವರು ಹೇಳಿದಂತೆ ಎದೆಯ ಭಾಗದ ಮಾಂಸವನ್ನು 600 ಗ್ರಾಂ ತಂದೆ. ಕತ್ತರಿಸಲಿಲ್ಲ. ಇಡಿಯ ತುಂಡನ್ನು ತಣ್ಣೀರಿನಲ್ಲಿ ಅರ್ಧ ಗಂಟೆ ನೆನೆಸಿ ರಕ್ತ ಬಸಿದು, 3 ಲೀಟರ್ ನೀರಿನಲ್ಲಿ ಒಂದು ಈರುಳ್ಳಿ, ಆರು ಎಸಳು ಬೆಳ್ಳುಳ್ಳಿಯೊಂದಿಗೆ ಸಣ್ಣ ಉರಿಯಲ್ಲಿ ಒಂದೂವರೆ ಗಂಟೆ ಬೇಯಿಸಿದೆವು. ಒಣಗಿದ ಗೊಸಾರಿ, ಅಂದರೆ ಜರಿಗಿಡದ ಎಳೆಯ ಕುಡಿ, ಹಿಂದಿನ ರಾತ್ರಿಯೇ ನೆನೆದಿತ್ತು. ಅದನ್ನು ಚೆನ್ನಾಗಿ ಬೇಯಿಸಿ ಆ ನೀರನ್ನು ಚೆಲ್ಲಲೇಬೇಕು. ಹಸಿಯ ಗೊಸಾರಿಯಲ್ಲಿ ವಿಷವಿದೆ. ಇನ್ನೊಂದು ಪೊಟ್ಟಣ ಬಿಚ್ಚಿದಾಗ ನನಗೆ ಊರೇ ಎದುರು ಬಂದು ನಿಂತಂತಾಯಿತು. ಅದು ಒಣಗಿಸಿದ ಕೆಸುವಿನ ದಂಟು! ತುರಿಕೆ ಹೋಗಲೆಂದು ನಾವು ಹುಳಿ ಹಾಕುತ್ತೇವೆ, ಇವರು ಒಣಗಿಸಿ, ಬೇಯಿಸಿ, ಮತ್ತೆ ನೀರಿನಲ್ಲಿ ನೆನೆಸಿಡುತ್ತಾರೆ.

ಬೆಂದ ಮಾಂಸ ಕೈಗೆ ತಡೆಯುವಷ್ಟು ಆರಿದ ಮೇಲೆ ಅಜ್ಜಿ ಚಾಕುವನ್ನು ದೂರ ಸರಿಸಿದರು. ನಾರು ಯಾವ ಕಡೆಗಿದೆಯೋ ಆ ಕಡೆಗೇ ಬೆರಳಿನಿಂದ ಎಳೆಯಬೇಕು. ಎಳೆ ಬಹಳ ಸಣ್ಣದಾದರೆ ಕುದಿಯುವಾಗ ಕರಗಿ ಹೋಗುತ್ತದೆ, ದಪ್ಪವಾದರೆ ಮಸಾಲೆ ಹಿಡಿಯದು. ಗೊಸಾರಿಯ ದಪ್ಪವೇ ಅಳತೆ.

ಮುಂದಿನ ಕೆಲಸದಲ್ಲೇ ಇಡೀ ಅಡುಗೆಯ ಜೀವವಿದೆ. ಸಾರಿನ ಮೇಲೆ ತೇಲುತ್ತಿದ್ದ ಹಳದಿ ಕೊಬ್ಬನ್ನು ಸೌಟಿನಿಂದ ತೆಗೆದು, ಮೂರು ಚಮಚ ಎಣ್ಣೆಯೊಂದಿಗೆ ಬಿಸಿ ಮಾಡಿ, ಉರಿ ಆರಿಸಿದ ಮೇಲೆ ಐದು ಚಮಚ ಗೊಚುಗಾರು, ಅಂದರೆ ಕೊರಿಯದ ಮೆಣಸಿನ ಪುಡಿ, ಹಾಕಿದರು. ಉರಿಯ ಮೇಲಿದ್ದಾಗಲೇ ಹಾಕಿದರೆ ಕ್ಷಣದಲ್ಲಿ ಕರಕಲಾಗಿ ಕಹಿಯಾಗುತ್ತದೆ. ಎಣ್ಣೆ ದಾಸವಾಳದ ಕೆಂಪಿಗೆ ತಿರುಗಿತು. ಅದಕ್ಕೆ ಜಜ್ಜಿದ ಬೆಳ್ಳುಳ್ಳಿ, ಕಾಳುಮೆಣಸಿನ ಪುಡಿ, ಸಾರಿಗೆಂದೇ ಇರುವ ತಿಳಿ ಬಣ್ಣದ ಉಪ್ಪುಪ್ಪಾದ ಸೋಯಾ ಸಾಸ್. ಈ ಮಸಾಲೆಯಲ್ಲಿ ಮಾಂಸದ ಎಳೆ, ಗೊಸಾರಿ, ಕೆಸುವಿನ ದಂಟು, ಕುದಿನೀರಿನಲ್ಲಿ ಅದ್ದಿ ತೆಗೆದ ಈರುಳ್ಳಿ ಸೊಪ್ಪು ಎಲ್ಲವನ್ನೂ ಕೈಯಿಂದ ಹಿಸುಕಿ ಕಲಸಿದೆವು. ಹತ್ತು ನಿಮಿಷ ಹಾಗೇ ಬಿಟ್ಟು ಆಮೇಲೆ ಸಾರಿಗೆ. ಸಾರು ಕೆಂಪಾಗುವುದು ಒಳಗಿನ ಪದಾರ್ಥಗಳಿಂದ ಹೊರಗೆ. ನಾನು ಅದನ್ನು ಹೊರಗಿನಿಂದ ಒಳಗೆ ತರಲು ಹೊರಟಿದ್ದೆ.

ಮತ್ತೆ ನಲವತ್ತು ನಿಮಿಷ ಸಣ್ಣ ಉರಿ. ಹೆಸರುಕಾಳಿನ ಮೊಳಕೆ ಕೊನೆಯ ಹತ್ತು ನಿಮಿಷಕ್ಕೆ, ಉಪ್ಪು ಎಲ್ಲಕ್ಕಿಂತ ಕೊನೆಗೆ.

ಗೊಚುಗಾರು ಮುಗಿದಿದ್ದಾಗ ಒಮ್ಮೆ ಊರಿನಿಂದ ತಂದಿದ್ದ ಬ್ಯಾಡಗಿ ಮೆಣಸಿನಕಾಯಿಯ ಬೀಜ ತೆಗೆದು ತರಿತರಿಯಾಗಿ ಪುಡಿ ಮಾಡಿ ಹಾಕಿದೆ. ಬಣ್ಣದಲ್ಲಿ ಸೋಲಲಿಲ್ಲ, ಗೊಚುಗಾರಿನ ಆ ತೆಳು ಸಿಹಿ ಮಾತ್ರ ಬರಲಿಲ್ಲ.

ದೇಗುವಿನ ಸುತ್ತ ಬೆಟ್ಟಗಳಿವೆ, ಬೇಸಿಗೆಯ ಸೆಕೆ ಊರೊಳಗೇ ಕೂತುಬಿಡುತ್ತದೆ. ಅಂಥ ದಿನಗಳಲ್ಲೇ ಬೆವರು ಸುರಿಸುತ್ತ ಈ ಸಾರು ಕುಡಿಯುವುದು ಇಲ್ಲಿನ ರೂಢಿ. ಕಳೆದ ಜುಲೈಯಲ್ಲಿ ಒಬ್ಬಳೇ ಮಾಡಿ ಅಜ್ಜಿಗೆ ಒಯ್ದೆ. ಅವರು ಮಾಂಸ ಮುಟ್ಟಲಿಲ್ಲ. ಹೆಬ್ಬೆರಳು ದಪ್ಪದ ಈರುಳ್ಳಿ ಕಾಂಡವೊಂದನ್ನು ಚಾಪ್‌ಸ್ಟಿಕ್‌ನಿಂದ ಎತ್ತಿ ಬಾಯಿಗಿಟ್ಟು, ಕಣ್ಣು ಮುಚ್ಚಿ ಅಗಿದರು. "ಸಿಹಿ ಬಿಟ್ಟಿದೆ" ಎಂದವರೇ ಬಟ್ಟಲಿನ ಅನ್ನವನ್ನೆಲ್ಲ ಸಾರಿಗೆ ಸುರಿದುಕೊಂಡರು.