ಕ್ರಯಪತ್ರದ ನೋಂದಣಿ: ಅಧಿಕಾರಿ ಮಾಡಲೇಬೇಕಾದ ಕೆಲಸಗಳು

ಮಂಗಳೂರಿನಲ್ಲಿ ಐದೋ ಹತ್ತೋ ಸೆಂಟ್ಸ್ ಜಾಗ ಕೊಳ್ಳುವವರಲ್ಲಿ ಅನೇಕರು ಎಲ್ಲವನ್ನೂ ದಸ್ತಾವೇಜು ಬರಹಗಾರರಿಗೆ ಒಪ್ಪಿಸಿ, ಕರೆದ ದಿನ ಹೋಗಿ ಹೆಬ್ಬೆಟ್ಟು ಒತ್ತಿ ಬರುತ್ತಾರೆ. ಉಪನೋಂದಣಾಧಿಕಾರಿ ಏನು ಮಾಡಬೇಕೆಂಬುದನ್ನು 1908ರ ನೋಂದಣಿ ಕಾಯ್ದೆ ಸ್ಪಷ್ಟವಾಗಿ ಬರೆದಿಟ್ಟಿದೆ. ಅದನ್ನು ತಿಳಿದು ಹೋಗುವುದು ಒಳಿತು.

ಮೊದಲು ಕ್ರಯಪತ್ರದ ಕರಡನ್ನು ನೋಂದಣಿ ಇಲಾಖೆಯ ಆನ್‌ಲೈನ್ ವ್ಯವಸ್ಥೆಯಾದ ಕಾವೇರಿ 2.0 ತಂತ್ರಾಂಶದಲ್ಲಿ ಸಲ್ಲಿಸಿ, ಅದು ಪರಿಶೀಲನೆಯಾದ ಮೇಲೆ ಶುಲ್ಕ ಕಟ್ಟಿ ಸಮಯ ಗೊತ್ತುಮಾಡಿಕೊಳ್ಳಬೇಕು. ಸಹಿಯಾದ 4 ತಿಂಗಳೊಳಗೆ ಪತ್ರವನ್ನು ಹಾಜರುಪಡಿಸಬೇಕು. ಹಾಜರುಪಡಿಸಿದ ದಿನ, ಗಂಟೆ ಮತ್ತು ಸ್ಥಳವನ್ನು ಅಧಿಕಾರಿ ಪತ್ರದ ಮೇಲೆಯೇ ಹಿಂಬರಹವಾಗಿ ಬರೆದು ರಸೀದಿ ಕೊಡಬೇಕೆಂದು 52ನೇ ಕಲಮು ಹೇಳುತ್ತದೆ. ಆ ರಸೀದಿಯನ್ನು ಕೇಳಿ ಪಡೆಯಿರಿ.

ಬಳಿಕ 34ನೇ ಕಲಮಿನ ವಿಚಾರಣೆ. ಪತ್ರ ಬರೆದುಕೊಟ್ಟವರು ಇವರೇ ಹೌದೇ, ಬರೆದುಕೊಟ್ಟದ್ದನ್ನು ಒಪ್ಪುತ್ತಾರೆಯೇ, ಪ್ರತಿನಿಧಿಯಾಗಿ ಬಂದವರಿಗೆ ಆ ಅಧಿಕಾರವಿದೆಯೇ ಎಂಬುದನ್ನು ಅಧಿಕಾರಿ ಖಚಿತಪಡಿಸಿಕೊಳ್ಳಬೇಕು. ಮಾಲೀಕರು ಕೊಲ್ಲಿ ರಾಷ್ಟ್ರದಲ್ಲಿದ್ದು ಊರಿನ ಸಂಬಂಧಿಕರು ಮುಖ್ತ್ಯಾರುಪತ್ರ (ಪವರ್ ಆಫ್ ಅಟಾರ್ನಿ) ಹಿಡಿದು ಬರುವುದು ನಮ್ಮ ಜಿಲ್ಲೆಯಲ್ಲಿ ಸಾಮಾನ್ಯವಾದ್ದರಿಂದ ಈ ಹಂತ ಇಲ್ಲಿ ಬಹಳ ಮುಖ್ಯ: ಅಂಥ ಪತ್ರ ಅಲ್ಲಿನ ನೋಟರಿ, ನ್ಯಾಯಾಧೀಶರು ಅಥವಾ ಭಾರತೀಯ ಕಾನ್ಸಲ್ ಮುಂತಾದವರ ಎದುರು ಬರೆದು ದೃಢೀಕರಣಗೊಂಡಿರಬೇಕು. ಹಾಸಿಗೆ ಹಿಡಿದ ಹಿರಿಯರನ್ನು ಕಚೇರಿಯ ಮೆಟ್ಟಿಲು ಹತ್ತಿಸಬೇಕಾಗಿಲ್ಲ. 38ನೇ ಕಲಮಿನ ಪ್ರಕಾರ ಅಧಿಕಾರಿಯೇ ಮನೆಗೆ ಹೋಗಬೇಕು, ಇಲ್ಲವೇ ಅವರ ಹೇಳಿಕೆ ಪಡೆಯಲು ಕಮಿಷನ್ ಮೂಲಕ ಬೇರೊಬ್ಬರನ್ನು ಕಳುಹಿಸಬೇಕು.

ಜಾಗದ ಹಕ್ಕು ಯಾರದೆಂದು ತೀರ್ಮಾನಿಸುವುದು ಮಾತ್ರ ಉಪನೋಂದಣಾಧಿಕಾರಿಯ ಕೆಲಸವಲ್ಲ. ಮಾರುವವರು ಹಕ್ಕನ್ನು ರುಜುವಾತುಪಡಿಸದ ಹೊರತು ನೋಂದಣಿ ಇಲ್ಲವೆನ್ನುವ ತಮಿಳುನಾಡಿನ ನಿಯಮವನ್ನು ಸುಪ್ರೀಂ ಕೋರ್ಟ್ 2025ರ ಏಪ್ರಿಲ್‌ನಲ್ಲಿ ರದ್ದುಪಡಿಸಿತು. ಹಾಗಾಗಿ ವರ್ಗ (ಪಟ್ಟಾ) ಜಾಗದ ಜೊತೆಗೆ ಅದಕ್ಕೆ ಹೊಂದಿಕೊಂಡ ಕುಮ್ಕಿಯನ್ನೂ ಮಾರುತ್ತೇವೆ ಎಂದು ಯಾರಾದರೂ ಹೇಳಿದರೆ ಎಚ್ಚರವಹಿಸಬೇಕಾದವರು ನೀವೇ, ಏಕೆಂದರೆ ಕುಮ್ಕಿ ಸರ್ಕಾರದ ಭೂಮಿ. ಆದರೆ ಪರಿಶಿಷ್ಟರಿಗೆ ಮಂಜೂರಾದ ಜಮೀನಿನ ಪತ್ರವನ್ನು ಸರ್ಕಾರದ ಪೂರ್ವಾನುಮತಿಯಿಲ್ಲದೆ ಸ್ವೀಕರಿಸಬಾರದೆಂದು ಅಂಥ ಜಮೀನುಗಳ ಪರಭಾರೆಯನ್ನು ನಿಷೇಧಿಸುವ 1978ರ ಪಿಟಿಸಿಎಲ್ ಕಾಯ್ದೆ ಅಧಿಕಾರಿಯನ್ನೇ ತಡೆಯುತ್ತದೆ.

ಜನರಿಗೆ ಅತಿ ಕಡಿಮೆ ಗೊತ್ತಿರುವುದು ನಿರಾಕರಣೆಯ ವಿಧಾನ. ನೋಂದಣಿ ಆಗುವುದಿಲ್ಲವೆಂದು ಬಾಯಿಮಾತಿನಲ್ಲಿ ಹೇಳಿ ಕಳುಹಿಸುವುದಕ್ಕೆ ಕಾಯ್ದೆಯಲ್ಲಿ ಅವಕಾಶವಿಲ್ಲ. ಆಸ್ತಿ ಆ ಕಚೇರಿಯ ವ್ಯಾಪ್ತಿಯದಲ್ಲ ಎಂಬ ಕಾರಣವೊಂದನ್ನು ಬಿಟ್ಟರೆ, ಬೇರಾವ ಕಾರಣಕ್ಕೆ ನಿರಾಕರಿಸಿದರೂ 71ನೇ ಕಲಮಿನಂತೆ ಆದೇಶ ಮಾಡಿ, ಕಾರಣಗಳನ್ನು ಅದಕ್ಕೆಂದೇ ಕಚೇರಿಯಲ್ಲಿಡುವ 2ನೇ ಪುಸ್ತಕದಲ್ಲಿ ದಾಖಲಿಸಿ, ಪತ್ರದ ಮೇಲೆ ‘ನೋಂದಣಿ ನಿರಾಕರಿಸಲಾಗಿದೆ’ ಎಂದು ಬರೆಯಬೇಕು; ನೀವು ಅರ್ಜಿ ಕೊಟ್ಟರೆ ಕಾರಣಗಳ ಪ್ರತಿಯನ್ನು ಉಚಿತವಾಗಿ, ವಿಳಂಬವಿಲ್ಲದೆ ಕೊಡಬೇಕು. ಆದೇಶದ ದಿನದಿಂದ 30 ದಿನಗಳೊಳಗೆ ಜಿಲ್ಲಾ ನೋಂದಣಾಧಿಕಾರಿಯ ಬಳಿ ಹೋಗಬಹುದು. ಅಲ್ಲಿಯೂ ನಿರಾಕರಣೆಯಾದರೆ ಮತ್ತೆ 30 ದಿನಗಳೊಳಗೆ ಸಿವಿಲ್ ದಾವೆ ಹೂಡಬಹುದು. ಲಿಖಿತ ಆದೇಶ ಕೈಯಲ್ಲಿಲ್ಲದಿದ್ದರೆ ಈ ಎರಡೂ ದಾರಿ ದುರ್ಗಮವಾಗುತ್ತವೆ.

ನೋಂದಣಿಯಾದ ಜಮೀನಿನ ಮಾಹಿತಿ ಜೆ ಸ್ಲಿಪ್ ಎಂಬ ವರದಿಯ ಮೂಲಕ ಕಂದಾಯ ಇಲಾಖೆಯ ‘ಭೂಮಿ’ ತಂತ್ರಾಂಶಕ್ಕೆ ಹೋಗುತ್ತದೆ. ಪಹಣಿಯಲ್ಲಿ ನಿಮ್ಮ ಹೆಸರು ಬಂದಿದೆಯೇ ಎಂದು ನೋಡುವವರೆಗೆ ಕಡತ ಮುಚ್ಚಬೇಡಿ.