ಕುತ್ತಿಗೆ ಯಾವಾಗಲೂ ಕೊನೆಗೆ

ಬಾಗಲಕೋಟೆಯಲ್ಲಿ ಪೋಸ್ಟ್‌ಮಾರ್ಟಮ್ ಮಾಡುವವರಿಗೆ ನೀರಿನಿಂದ ಎತ್ತಿದ ಶವ ಹೊಸದಲ್ಲ. ಆಲಮಟ್ಟಿ ಹಿನ್ನೀರು ಊರಿನ ಬಗಲಲ್ಲೇ ಇದೆಯಲ್ಲ. ಹೆಚ್ಚಿನವು ಸುದ್ದಿಯೇ ಆಗುವುದಿಲ್ಲ. ಸತ್ತವರು ಹೆಸರಿದ್ದವರಾದರೆ ಮಾತ್ರ ಶವಾಗಾರದ ಮುಂದೆ ಟಿವಿ ಗಾಡಿಗಳು ಬಂದು ನಿಲ್ಲುತ್ತವೆ.

ಅಂಥದ್ದೇ ಒಂದು ಕೇಸಿನಲ್ಲಿ ತನಿಖಾಧಿಕಾರಿ ಬಾಗಿಲಲ್ಲೇ ಹಿಡಿದುಕೊಂಡರು. "ಡಾಕ್ಟರ್ ಸಾಹೇಬ್ರ, ಕೊಲೆ ಐತೋ ಇಲ್ಲೋ, ಅಷ್ಟ ಹೇಳ್ರಿ."

"ಮೊದ್ಲ ಪಂಚನಾಮೆ ಕಾಗದ ಕೊಡ್ರಿ" ಎಂದೆ.

ಕುತ್ತಿಗೆ ಹಿಸುಕಿದ ಅನುಮಾನವಿತ್ತು. ಹಾಗಿದ್ದಾಗ ಕುತ್ತಿಗೆಯನ್ನು ಎಲ್ಲಕ್ಕಿಂತ ಕೊನೆಗೆ ಬಿಡಿಸಬೇಕು. ಮೊದಲು ಬುರುಡೆ ತೆರೆದು ಮಿದುಳು ತೆಗೆಯುತ್ತೇನೆ, ಆಮೇಲೆ ಎದೆ, ಹೊಟ್ಟೆ. ಆಗ ಕುತ್ತಿಗೆಯ ನಾಳಗಳಲ್ಲಿ ನಿಂತ ರಕ್ತ ಬಸಿದು ಹೋಗುತ್ತದೆ. ಅವಸರಕ್ಕೆ ಬಿದ್ದು ಸೀದಾ ಅಲ್ಲಿಗೇ ಕೈಹಾಕಿದರೆ, ನಾವೇ ಕತ್ತರಿಸಿದ ನಾಳದ ರಕ್ತ ಸ್ನಾಯುಗಳ ನಡುವೆ ಇಳಿಯುತ್ತದೆ. ನೋಡಿದರೆ ಥೇಟ್ ಹಿಸುಕಿದ ಗಾಯದಂತೆಯೇ ಇರುತ್ತದೆ. ಯಾರೋ ಅಮಾಯಕ ಜೈಲಿಗೆ ಹೋಗಲು ಇಷ್ಟು ಸಾಕು. ಹೊರಗೆ ಗದ್ದಲ ಜಾಸ್ತಿಯಾಗುತ್ತಿದ್ದರೂ ಪದರ ಪದರವಾಗಿ ಬಿಡಿಸಿದೆ. ಒಳಗೆ ರಕ್ತ ಕಟ್ಟಿರಲಿಲ್ಲ. ನಾಲಿಗೆಯ ಬುಡದಲ್ಲಿರುವ ಹಯಾಯ್ಡ್ ಮೂಳೆ ಮುರಿದಿರಲಿಲ್ಲ. ಆದರೆ ಮೂಳೆ ಸರಿಯಿದೆ ಎಂದ ಮಾತ್ರಕ್ಕೆ ಹಿಸುಕಿಲ್ಲ ಎನ್ನಲಾಗದು, ಚಿಕ್ಕ ವಯಸ್ಸಿನವರಲ್ಲಿ ಅದು ಬಾಗುತ್ತದೆ.

ಶವ ಕೊಳೆಯತೊಡಗಿದ್ದರಿಂದ ಮುಳುಗಿದವರ ಮೂಗು-ಬಾಯಲ್ಲಿ ಕಾಣುವ ನೊರೆ ಸಿಗಲಿಲ್ಲ. ಹಾಗಾಗಿ ಡಯಾಟಮ್ ಪರೀಕ್ಷೆಗೆ ತೊಡೆಮೂಳೆ ತೆಗೆದಿಟ್ಟೆ. ಡಯಾಟಮ್ ಅಂದರೆ ನೀರಿನಲ್ಲಿರುವ ಸೂಕ್ಷ್ಮ ಪಾಚಿ. ಉಸಿರಾಡುತ್ತಾ ಮುಳುಗಿದರೆ ಅದು ಶ್ವಾಸಕೋಶದಿಂದ ರಕ್ತಕ್ಕೆ ಸೇರಿ ಮೂಳೆಯೊಳಗಿನ ಮಜ್ಜೆಯವರೆಗೂ ಹೋಗುತ್ತದೆ. ಹೋಲಿಸಿ ನೋಡಲು ಅದೇ ಜಾಗದ ನೀರೂ ಬೇಕು. ಪೊಲೀಸರು ಮರೆಯುವುದು ಇದನ್ನೇ, ನಾನೇ ಬಾಟಲಿ ಕೊಟ್ಟು ಕಳಿಸಿದೆ. ಸಲಕರಣೆಗಳನ್ನು ನಲ್ಲಿ ನೀರಲ್ಲಿ ತೊಳೆಯುವಂತಿಲ್ಲ, ಅದರಲ್ಲೂ ಡಯಾಟಮ್ ಇರಬಹುದು.

ವಿಷ ಪರೀಕ್ಷೆಗೆ ತೆಗೆದ ಒಳಾಂಗಗಳ ತುಣುಕು, ಅಂದರೆ ವಿಸೆರಾ, ಬೆಳಗಾವಿಯ ಪ್ರಾದೇಶಿಕ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ (ಎಫ್‌ಎಸ್‌ಎಲ್) ಹೋಯಿತು. ಅದನ್ನು ಹಾಕುವುದು ಗಟ್ಟಿ ಉಪ್ಪುನೀರಿಗೆ. ಅಂಗ ಕೆಡದಂತೆ ಇಡುವ ಫಾರ್ಮಲಿನ್ ದ್ರಾವಣ ಹಾಕಿದರೆ ವಿಷ ಪತ್ತೆಹಚ್ಚುವುದು ಕಷ್ಟ.

ಸಾವಿನ ಕಾರಣದ ಜಾಗದಲ್ಲಿ 'ಲ್ಯಾಬ್ ವರದಿ ಬಂದ ನಂತರ' ಎಂದು ಬರೆದು ಸಹಿ ಹಾಕಿದೆ. ಸಂಜೆ ಟಿವಿಯವರು ಕೊಲೆ ಎಂದೇ ತೀರ್ಮಾನಿಸಿಬಿಟ್ಟಿದ್ದರು.

ವರದಿಗಳು ಬಂದವು. ವಿಷ ಇರಲಿಲ್ಲ. ಮಜ್ಜೆಯ ಡಯಾಟಮ್ ಹಿನ್ನೀರಿನದಕ್ಕೆ ಹೊಂದಿತು. ಉಳಿದೆಲ್ಲದರ ಜೊತೆ ಇಟ್ಟು ನೋಡಿ, ಮುಳುಗಿ ಸಾವು ಎಂದು ಅಂತಿಮ ಅಭಿಪ್ರಾಯ ಕೊಟ್ಟೆ.

"ಜಾರಿ ಬಿದ್ದಿದ್ದೋ, ಯಾರರ ನೂಕಿದ್ದೋ?" ಅಧಿಕಾರಿ ಕೇಳಿದರು.

"ಅದು ನನ್ನ ಟೇಬಲ್ ಮ್ಯಾಲೆ ಸಿಗೂದಿಲ್ರಿ. ಕಡೀಕ ಅವರನ್ನ ನೋಡಿದವರ‍್ನ ಕೇಳ್ರಿ" ಎಂದೆ.